ಉಸಿರುಗಟ್ಟಿದ ಸುರುಳಿ

ಮುಚ್ಚಳ ತೆರೆದೊಡನೆ ವಿನೆಗರ್ ವಾಸನೆ ಮೂಗಿಗೆ ಬಡಿಯಿತು. ಮೆಕ್ಸಿಕೊ ನಗರದ ಚಲನಚಿತ್ರ ಭಂಡಾರದ ಅಬುಂದಿಯೊ ಸುರುಳಿಯನ್ನು ಮೆಲ್ಲಗೆ ಒತ್ತಿದ. ಫಿಲ್ಮು ಕೆಟ್ಟು ಬೆಲ್ಲದಚ್ಚಿನ ಹಾಗೆ ಗಟ್ಟಿಯಾಗಿತ್ತು; ಇನ್ನು ಬಿಚ್ಚಿ ಓಡಿಸುವಂತಿರಲಿಲ್ಲ.

"ಡಬ್ಬಿಗೆ ಇಷ್ಟು ಬಿಗಿಯಾಗಿ ಟೇಪು ಸುತ್ತಿದ್ಯಾರು, ದೊನ್ ಎವರಿಸ್ತೊ? ಫಿಲ್ಮೂ ಉಸಿರಾಡ್ಬೇಕಲ್ವಾ!"

"ನಾನೇ ಕಣಯ್ಯಾ. ಒಳಗೆ ಧೂಳು ಹೋಗ್ಬಾರ್ದು ಅಂತ," ಎಂದರು ಮುದಿ ನಿರ್ದೇಶಕರು. ಅವರ ಮೊದಲ ಚಿತ್ರದ ಪ್ರತಿ ಉಳಿದಿದ್ದು ಇದೊಂದೇ. ಅದರ ನಾಯಕಿ, ಹೆರಿಗೆಯಲ್ಲಿ ತೀರಿಕೊಂಡ ಅವರ ಹೆಂಡತಿ.

ತಾಯಿಯನ್ನು ಕಂಡೇ ಇರದ ಮಗಳು ನಿಯೆವೆಸ್ ಡಬ್ಬಿಯನ್ನು ಮಡಿಲಿಗೆಳೆದುಕೊಂಡಳು. "ಫೋಟೊದಲ್ಲೆಲ್ಲ ಅಮ್ಮ ಮುಖ ಬಿಗಿದುಕೊಂಡೇ ಇದಾಳೆ. ಪರದೆ ಮೇಲೆ ಅವಳ ನಗು ತೋರಿಸ್ತೀನಿ ಅಂತಿದ್ಯಲ್ಲಪ್ಪಾ. ಹೇಗೆ ನಗ್ತಿದ್ಲು?"

ಎಷ್ಟೋ ನಟಿಯರಿಗೆ ನಗು ಹೇಳಿಕೊಟ್ಟಿದ್ದ ಎವರಿಸ್ತೊ ನಕ್ಕು ತೋರಿಸಲು ಹೋದರು. ತುಟಿ ಒಮ್ಮೆ ಎಡಕ್ಕೆ, ಒಮ್ಮೆ ಬಲಕ್ಕೆ ಎಳೆದುಕೊಂಡಿತು.

"ಹೀಗಲ್ಲ," ಎಂದರು. "ಹೀಗೂ ಅಲ್ಲ."