ಇಗೋ ಬಂದೆ

ಬೀಗದವನ ತಾಯಿ ಬಚ್ಚಲುಮನೆಯೊಳಗೆ ಸಿಕ್ಕಿಕೊಂಡಿದ್ದಳು. ಬಿದ್ದ ಚಿಲಕ ಏಳಲಿಲ್ಲ. ಎದೆನೋವಿನ ಮಾತ್ರೆ ನುಂಗುವ ಹೊತ್ತು ಬೇರೆ ಹತ್ತಿರವಾಗಿತ್ತು. ನಾಲ್ಕು ಮನೆ ಆಚೆ ಇದ್ದ ಅಂಗಡಿಗೆ ಹೆಂಡತಿ ಒದ್ದೆ ಕೈಯಲ್ಲೇ ಓಡಿ ಬಂದಳು.

"ರೀ, ಅತ್ತೆ ಒಳಗೆ ಸಿಕ್ಹಾಕ್ಕೊಂಡಿದಾರೆ! ಆ ಚಿಲಕ ಸರಿ ಮಾಡಿ, ಸರಿ ಮಾಡಿ ಅಂತ ಎಷ್ಟು ಸಲ ಬಡ್ಕೊಂಡೆ? ಊರೋರ ಬಾಗಿಲಿಗೆಲ್ಲ ನೀವು ಬೇಕು, ನಮ್ಮನೆ ಬಾಗಿಲಿಗೆ ಯಾರೂ ದಿಕ್ಕಿಲ್ಲ!"

"ಅದು ಆಯ್ತು ಅಂದ್ಕೋ. ನೀನು ನಡಿ, ನಾನು ಬಂದೆ," ಎಂದ ಬೀಗದವನು. ಇಕ್ಕಳಕ್ಕೆ ಸಿಕ್ಕಿಸಿದ್ದ ಯಾರದೋ ಬೀಗದ ಕೈಯನ್ನು ಅರದಿಂದ ಉಜ್ಜುವುದನ್ನು ಮಾತ್ರ ನಿಲ್ಲಿಸಲಿಲ್ಲ.

ಮೂವತ್ತೆಂಟು ದಾಟದ ಆಸಾಮಿ. ಕೆಟ್ಟವನಲ್ಲ. ಯಾರಿಗೂ ಇಲ್ಲ ಎಂದವನೇ ಅಲ್ಲ. ಕರೆದರೆ 'ಬಂದೆ', ಕೇಳಿದರೆ 'ಕೊಟ್ಟೆ', ಬೈದರೆ 'ಮುಗೀತು ಅಂದ್ಕೊಳ್ಳಿ'. ಮಾಡಬೇಕಾದ ಕೆಲಸವೆಲ್ಲ ಅವನ ನಾಲಗೆಯ ಮೇಲೆ ಆಗಲೇ ಆಗಿಹೋಗಿರುತ್ತಿತ್ತು, ಕೈಗೆ ಏನೂ ಉಳಿಯುತ್ತಿರಲಿಲ್ಲ. ಶಾಲೆ ಮಾಸ್ತರರ ಬಟ್ಟೆ ಬೀರುವನ್ನು ಹೋದ ವರ್ಷವೇ ಹೀಗೆ ಬಾಯಲ್ಲೇ ತೆರೆದುಕೊಟ್ಟಿದ್ದ. ಮಾಸ್ತರರು ಇವತ್ತಿಗೂ ಒಂದೇ ಅಂಗಿಯಲ್ಲಿ ಪಾಠ ಹೇಳುತ್ತಿದ್ದರು.

ಹೆಂಡತಿ ಬೀದಿಯ ತಿರುವು ದಾಟಿದ್ದೇ ತಡ, ತುಕ್ಕು ಬೀಗಗಳ ಡಬ್ಬದ ಹಿಂದಿನಿಂದ ಹೊತ್ತುನುಂಗಿ ಹೊರಗೆ ಬಂತು. 'ಬಂದೆ' ಎಂದ ಬಾಯಿಗೂ ಏಳದ ಕಾಲಿಗೂ ನಡುವೆ ಒಂದಷ್ಟು ಹೊತ್ತು ಬಿದ್ದಿರುತ್ತದಲ್ಲ, ಅದೇ ಅದರ ಊಟ. ಹಿಂದಿನವರು ಅದರ ಹೆಸರು ಹೇಳಿ ಮಕ್ಕಳನ್ನು ಹೆದರಿಸುತ್ತಿದ್ದರು. ಮಕ್ಕಳು ಹೆದರುತ್ತಿದ್ದರು, ಹೇಳುವವರು ಹೆದರುತ್ತಿರಲಿಲ್ಲ. ಇಲಿಮರಿಯಷ್ಟಿದ್ದ ಪ್ರಾಣಿ, ಮೈಯೆಲ್ಲ ಬಾಯಿ. ಬೀಗದವನ ಪಾದದ ಹತ್ತಿರ ಏನನ್ನೋ ಕಚಕ್ಕನೆ ಕಚ್ಚಿ ನುಂಗಿ ಬೆಕ್ಕಿನಷ್ಟಾಯಿತು. ಅವನ ಕರಿ ಮೀಸೆಯಲ್ಲಿ ಒಂದೆಳೆ ಬೆಳ್ಳಗಾಯಿತು.

"ಏಯ್, ಏನದು ತಿಂದಿದ್ದು?"

"ನಿನ್ನ ಆಯಸ್ಸಿನ ಹೊತ್ತು. ಬಂದೆ ಅಂದ್ಯಲ್ಲ, ಬಂದಾದ್ಮೇಲೆ ದಾರೀಲಿ ಹಿಡಿಯೋ ಹೊತ್ತು ನಿನಗ್ಯಾಕೆ? ನೀನು ಬಿಸಾಕಿದೆ, ನಾನು ತಿಂದೆ."

"ಥೂ, ನಡಿ ಇಲ್ಲಿಂದ ಆಚೆಗೆ!"

"ಹೋದೆ," ಎಂದು ಅದು ಅಲ್ಲೇ ಮೈ ಚೆಲ್ಲಿ ಕೂತಿತು. ಅವನ ಜೊತೆ ಇದ್ದೂ ಇದ್ದೂ ಮಾತು ಕಲಿತಿತ್ತು.

ಅಷ್ಟರಲ್ಲಿ ಫೋನು ಹೊಡೆದುಕೊಂಡಿತು. "ಎಲ್ಲಿದೀರಿ? ಅತ್ತೆಗೆ ಉಸಿರು ಕಟ್ತಾ ಇದೆಯಂತೆ!" ಎಂದು ಹೆಂಡತಿ ಕೂಗಿದಳು.

"ದಾರೀಲಿದೀನಿ ಕಣೇ, ಬಂದೇಬಿಟ್ಟೆ. ಇಗೋ, ಬಾಗಿಲ ಹತ್ರ," ಎಂದ ಅವನು, ಕೂತಲ್ಲಿಂದಲೇ.

ಪ್ರಾಣಿ ದೊಡ್ಡದಾದಂತೆ ತುತ್ತೂ ದೊಡ್ಡದಾಯಿತು. ಮೊದಲ ಸಲ ವಾರ ತಿಂದದ್ದು ಈ ಸಲ ವರ್ಷಗಟ್ಟಲೆ ತಿಂದು ಕರುವಿನ ಗಾತ್ರಕ್ಕೆ ಬಂತು. ಗೋಡೆಯ ಗಡಿಯಾರದಲ್ಲಿ ಐದು ನಿಮಿಷ ದಾಟಿರಲಿಲ್ಲ, ಅವನ ಮೀಸೆ ಪೂರಾ ನರೆತುಹೋಗಿತ್ತು. ಬೀಗದ ಕೈಯ ಹಲ್ಲುಗಳು ಮಸುಕಾಗಿ ಕಂಡವು. "ಯಾಕೋ ಬೆಳಕು ಸಾಲ್ದು," ಎಂದು ಗೊಣಗಿದ.

ಹೊತ್ತುನುಂಗಿಗೇ ಪಾಪ ಎನಿಸಿತೋ ಏನೋ. "ಅಯ್ಯಾ, ತಿನ್ನೋ ನಾನೇ ಹೇಳ್ತಿದೀನಿ, ಕೇಳು. ಎದ್ದು ಹೋಗು. ಇಲ್ಲಾ, ಬರಲ್ಲ ಅಂತ ಬಾಯಿಬಿಟ್ಟು ಹೇಳು. ಎರಡ್ರಲ್ಲಿ ಯಾವ್ದು ಮಾಡಿದ್ರೂ ನನಗೆ ಉಪವಾಸ."

"ಬರಲ್ಲ ಅನ್ನೋದಾ? ಹೆತ್ತ ತಾಯಿಗೆ? ನನ್ನನ್ನೇನು ಅಷ್ಟು ಕಟುಕ ಅಂದ್ಕೊಂಡ್ಯಾ?"

"ಹಂಗಾದ್ರೆ ಏಳು."

"ಎದ್ದೆ," ಎಂದ ಬೀಗದವನು, ಅರವನ್ನು ಇನ್ನೊಮ್ಮೆ ಎಳೆಯುತ್ತ.

ಪ್ರಾಣಿಗೆ ಅಂಗಡಿ ಸಾಲದಾಯಿತು. ಅದರ ಬೆನ್ನು ಸೂರಿಗೆ ತಾಗಿತು. ಅರ ತಾನಾಗಿ ಕೈಯಿಂದ ಜಾರಿ ಬಿದ್ದಾಗ ಬೀಗದವನು ತನ್ನ ಕೈ ನೋಡಿಕೊಂಡ. ಸುಕ್ಕು, ನರ, ಕಂದು ಮಚ್ಚೆ. ಆಗ ನಿಜವಾಗಿಯೂ ಎದ್ದ. ಮಂಡಿಗಳು ಕಟಕಟ ಎಂದವು. ಸಾಮಾನಿನ ಚೀಲ ಎತ್ತಲು ನೋಡಿದ, ಅದು ಮಿಸುಕಲಿಲ್ಲ. ಬರಿಗೈಯಲ್ಲಿ ಗೋಡೆ ಹಿಡಿದು ಹೊರಟ. ನಾಲ್ಕು ಮನೆ ದಾಟಲು ಮೂರು ಕಡೆ ಕೂತು ಸುಧಾರಿಸಿಕೊಂಡ. ಹೊತ್ತುನುಂಗಿ ಹಿಂದೆ ಬರಲಿಲ್ಲ. ನಡೆಯುವವನ ಹತ್ತಿರ ಅದಕ್ಕೇನು ಸಿಗುತ್ತದೆ?

ಮನೆ ಮುಂದಿನ ಮೆಟ್ಟಿಲ ಮೇಲೆ ತಾಯಿ ಕೂತಿದ್ದಳು. ಸೊಸೆ ಸೌಟಿನ ಹಿಡಿ ತೂರಿಸಿ ಚಿಲಕ ಎಬ್ಬಿಸಿ ಆಗಿತ್ತು. ಮಾತ್ರೆಯೂ ಹೊಟ್ಟೆ ಸೇರಿತ್ತು. ಒದ್ದೆ ಕೂದಲಿಗೆ ಟವೆಲು ಸುತ್ತಿಕೊಂಡು, ಬೀದಿಯ ಕಡೆ ಕಣ್ಣಿಟ್ಟು ಬಿಸಿಲು ಕಾಯಿಸುತ್ತಿದ್ದಳು.

"ಅಮ್ಮಾ... ಬಂದೆ," ಎಂದ ಅವನು. ಹುಟ್ಟಿದಾಗಿನಿಂದ ಅವನ ಬಾಯಲ್ಲಿ ಆ ಮಾತು ನಿಜವಾದದ್ದು ಅದೇ ಮೊದಲು.

ತಾಯಿ ಹುಬ್ಬಿಗೆ ಕೈ ಅಡ್ಡ ಹಿಡಿದು ಆ ಬೆಳ್ಳಿ ತಲೆ, ಬಾಗಿದ ಬೆನ್ನು, ನಡುಗುವ ಗದ್ದ ನೋಡಿದಳು. ಮರುಕದಿಂದ ಪಕ್ಕಕ್ಕೆ ಸರಿದು ಮೆಟ್ಟಿಲ ಮೇಲೆ ಜಾಗ ಮಾಡಿಕೊಟ್ಟಳು.

"ನಿಮ್ಮನೆ ಬೀಗ ಕೆಟ್ಟಿದೆಯಾ ಯಜಮಾನ್ರೇ? ಪಾಪ, ಈ ವಯಸ್ಸಲ್ಲಿ ನೀವೇ ನಡ್ಕೊಂಡು ಬಂದಿದೀರಿ. ಕೂತ್ಕೊಳ್ಳಿ, ಕೂತ್ಕೊಳ್ಳಿ. ನನ್ನ ಮಗ ಬಂದೆ ಅಂದಿದಾನೆ. ಇನ್ನೂ ಚಿಕ್ಕ ವಯಸ್ಸು ನೋಡಿ, ಓಡ್ಕೊಂಡು ಬಂದ್ಬಿಡ್ತಾನೆ."