ಹೆಣವಿಲ್ಲದ ಚಿತ್ರ

ಕೊಲೆಗಾರನ ಪಾತ್ರಕ್ಕೆ ಮಗಳು ತನ್ನನ್ನೇ ಏಕೆ ಆರಿಸಿದಳು? ಇಡೀ ಚೆಂಬೂರಿನಲ್ಲಿ ಬೇರೆ ಮುಖ ಸಿಗಲಿಲ್ಲವೇ? ಪೇಪರು ಹಿಡಿದು ಕೂತಿದ್ದ ಕಾಶಪ್ಪನ ತಲೆಯಲ್ಲಿ ಇದೇ ಸುತ್ತುತ್ತಿತ್ತು. ಎದುರಿಗೆ ಸೌಮ್ಯಾಳ ಕ್ಯಾಮೆರಾ ಓಡುತ್ತಿತ್ತು.

ಸೀರಿಯಲ್ ಕಿಲ್ಲರ್ ಒಬ್ಬನ ದಿನಚರಿ. ಹನ್ನೊಂದು ನಿಮಿಷದ ಕಿರುಚಿತ್ರ. ಅವಳ ಕಾಲೇಜಿನ ಕೊನೆಯ ವರ್ಷದ ಕೆಲಸ. ಶೂಟಿಂಗ್ ಮನೆಯಲ್ಲೇ.

"ಆಕ್ಟಿಂಗ್ ಮಾಡಬ್ಯಾಡ ಅಪ್ಪಾ. ದಿನಾ ಹೆಂಗಿರ್ತಿ ಹಂಗ ಇರು, ಬಸ್."

ಹಾಗೇ ಇದ್ದ. ಚಹಾ ಬಂತು, ಕುಡಿದ. ಇಸ್ತ್ರಿಯಾದ ಅಂಗಿ ಬಂತು, ತೊಟ್ಟ. ತಾಟು ಬಂತು, ಉಂಡ, ತಾಟಿನಲ್ಲೇ ಕೈ ತೊಳೆದು ಎದ್ದ. ಮೂರು ದಿನ ಇಷ್ಟೇ. ಚಾಕು ಇಲ್ಲ, ರಕ್ತ ಇಲ್ಲ. ನಾಲ್ಕನೆಯ ದಿನ ಸೌಮ್ಯಾ ಸ್ಟ್ಯಾಂಡ್ ಮಡಚತೊಡಗಿದಳು.

"ಕೊಲಿ ಯಾವಾಗ ತೆಗೀತಿ?"

"ಅದೂ ಆತಪ್ಪಾ."

ಎಡಿಟಿಂಗ್‌ನಲ್ಲಿ ಏನೋ ಸೇರಿಸುತ್ತಾಳೆ ಅಂದುಕೊಂಡ. ಅವನ ಚಿಂತೆಯೇ ಬೇರೆ. ಮಾಟುಂಗದ ಕನ್ನಡ ಸಂಘದ ಅಧ್ಯಕ್ಷಗಿರಿಗೆ ನಿಂತಿದ್ದ. ಮುಂದಿನ ತಿಂಗಳೇ ಚುನಾವಣೆ. ಚಿತ್ರ ತೋರಿಸುವುದೂ ಅದೇ ಸಂಘದಲ್ಲಿ. ಪರದೆಯ ಮೇಲೆ ತಾನು ಯಾರದೋ ಕುತ್ತಿಗೆ ಹಿಚುಕುವುದನ್ನು ಕಂಡವರು ಮತ ಹಾಕಿಯಾರೆ?

ರವಿವಾರ ಬೆಳಿಗ್ಗೆ ಸಭಾಗೃಹ ತುಂಬಿತ್ತು. ಪರದೆಯ ಮೇಲೆ ಅವನು ಯಾರ ಕುತ್ತಿಗೆಯನ್ನೂ ಹಿಚುಕಲಿಲ್ಲ. ಚಹಾ, ಅಂಗಿ, ತಾಟು. ಕಾಶಪ್ಪನ ಉಸಿರು ಹಗುರಾಯಿತು.

"ಕಾಶಪ್ಪಾರ, ಇಷ್ಟು ಸಂಭಾವಿತ ಕೊಲೆಗಾರನ್ನ ನಾ ನೋಡೇ ಇಲ್ಲರಿ," ಎಂದ ಹಿಂದಿನ ಸಾಲಿನ ಶಾಂತಪ್ಪ. ಶಾಂತಪ್ಪನ ಹೆಂಡತಿ ಪ್ರಫುಲ್ಲಾ, ಕಾಶಪ್ಪನ ಪಕ್ಕದಲ್ಲಿದ್ದ ಶರಣವ್ವನ ಕಡೆ ಬಾಗಿದಳು.

"ಇಂಥಾ ಗಂಡನ ಜೋಡಿ ಹೆಂಗ ಇರ್ತೀರಿ ಅಕ್ಕಾರ, ಅಂಜಿಕಿ ಬರೂದಿಲ್ಲ?"

"ರೂಢಿ ಆಗ್ಯದ್ರಿ," ಎಂದಳು ಶರಣವ್ವ.

ಚಿತ್ರ ಮುಗಿದು ಹೆಸರುಗಳು ಬಂದವು. "ಕೊಲೆಗಾರ: ಕಾಶಪ್ಪ." ಚಪ್ಪಾಳೆ ಬಿತ್ತು. ಅವನು ಎದ್ದು ನಿಂತು ಕೈ ಮುಗಿದ. ಕೆಳಗೆ ಇನ್ನೊಂದು ಸಾಲು ಮೂಡಿತು.

"ಕೊಲೆಯಾದವಳು: ಶರಣವ್ವ."

ಚಹಾ ಇಟ್ಟ ಕೈ, ಅಂಗಿ ಚಾಚಿದ ಕೈ, ತಾಟು ಎತ್ತಿದ ಕೈ ಯಾರದೆಂದು ಒಬ್ಬೊಬ್ಬರಿಗೇ ಹೊಳೆಯುತ್ತ ಹೋಗಿ ಚಪ್ಪಾಳೆ ನಿಂತಿತು.

ಶಾಂತಪ್ಪ ಗಂಟಲು ಸರಿಮಾಡಿಕೊಂಡ. "ತಂಗೀ, ಒಬ್ಬಾಕಿನ್ನ ಕೊಂದ್ರ ಅದು ಸೀರಿಯಲ್ ಹೆಂಗಾತು?"

"ದಿನಾ ಕೊಂದ್ರ, ಅಂಕಲ್," ಎಂದಳು ಸೌಮ್ಯಾ.

ಚೆಂಬೂರು ಮುಟ್ಟುವ ಹೊತ್ತಿಗೆ ಮಧ್ಯಾಹ್ನ ಒಂದು ಗಂಟೆ. ಅಧ್ಯಕ್ಷಗಿರಿ ಹೋಯಿತೆಂದು ದಾರಿಯುದ್ದಕ್ಕೂ ಗೊಣಗಿದ ಕಾಶಪ್ಪ, ಬಂದವನೇ ಊಟಕ್ಕೆ ಕೂತ. ಶರಣವ್ವ ಬಿಸಿ ರೊಟ್ಟಿ ಬಡಿಸುತ್ತ ಹೋದಳು. ಅವನು ಹೊಟ್ಟೆ ತುಂಬ ಉಂಡ.

ನಿನ್ನ ಊಟ ಆಯಿತೇ ಎಂದು ಮೂವತ್ತೊಂದು ವರ್ಷಗಳಲ್ಲಿ ಒಮ್ಮೆಯೂ ಕೇಳಿರಲಿಲ್ಲ, ಅವತ್ತೂ ಕೇಳಲಿಲ್ಲ.