ಒಂದಡಿಯೂ ಎಸೆಯಬೇಡ

ಎಂಟು ಡಬ್ಬಿಗಳ ಮುಚ್ಚಳ ಕಿತ್ತರೂ ಒಂದರಲ್ಲೂ ಗೇಣುದ್ದ ಫಿಲ್ಮೂ ಇರಲಿಲ್ಲ. ಮುದುಕ ನಿರ್ದೇಶಕ ಎಡಿಟಿಂಗ್ ಕೋಣೆಯ ನೆಲದ ಮೇಲೆಯೇ ಕುಸಿದು ಕೂತ.

ದೇಶದ ಸಿನಿಮಾ ಚರಿತ್ರೆ ಬರೆಯುತ್ತಿದ್ದ ಕಚೇರಿಯವರು ಇವತ್ತು ಸಂಜೆ ಐದರ ಗಡುವು ಕೊಟ್ಟಿದ್ದರು. ರೀಲು ತಂದು ತೋರಿಸಿದರೆ ದೇಶದ ಮೊದಲ ಸಿನಿಮಾ ಅವನದು. ಇಲ್ಲದಿದ್ದರೆ ನಾಲ್ಕು ವರ್ಷ ತಡವಾಗಿ ಅವನ ಶಿಷ್ಯ ತೆಗೆದದ್ದು. ಮನೆ ಮಾರಿ, ನಟಿಸಲು ಯಾವ ಹೆಂಗಸೂ ಒಪ್ಪದಿದ್ದಾಗ ಹೆಂಡತಿಯನ್ನೇ ಕ್ಯಾಮೆರಾ ಮುಂದೆ ನಿಲ್ಲಿಸಿ ತೆಗೆದ ಸಿನಿಮಾ ಅದು. ಇದ್ದದ್ದು ಒಂದೇ ಪ್ರತಿ. ಹೆಂಡತಿಯೂ ಈಗಿಲ್ಲ. ಕುರ್ಚಿ ಬಿಸಿ ಮಾಡುವವರಿಗೆ ಅದೆಲ್ಲ ಯಾಕೆ? ಕಣ್ಣಾರೆ ನೋಡಿದವರಿದ್ದಾರೆ ಎಂದರೆ, ಅವರ ಕಣ್ಣು ಕಟ್ಟಿಕೊಂಡು ನಮಗೇನು, ಡಬ್ಬಿ ತನ್ನಿ ಅಂದಿದ್ದರು.

"ರೀಲೆಲ್ಲೋ?"

ಎಡಿಟರ್ ಅವನ ಅಕ್ಕನ ಮಗ; ಕತ್ತರಿ ಹಿಡಿಯಲು ಕಲಿಸಿದವನೇ ಈ ಮಾವ. ಅಳಿಯ ಖಾಲಿ ಡಬ್ಬಿಯೊಂದನ್ನು ತಿರುಗಿಸಿ ತೋರಿಸಿದ. "ಲೇಬಲ್ ಉದುರಿಹೋಗಿತ್ತು, ಮಾವ. ಹಳೇ ವೇಸ್ಟು ಅಂದ್ಕೊಂಡೆ. ಒಂದಡಿನೂ ಎಸೀಬೇಡ ಅಂತ ನೀವೇ ಹೇಳ್ಕೊಟ್ಟಿದ್ರಲ್ಲ."

ಚಿತ್ರಕ್ಕೆ ಬೇರೆ ರೋಲು, ಧ್ವನಿಗೆ ಬೇರೆ; ಧ್ವನಿಯ ರೋಲಿನಲ್ಲಿ ಸದ್ದಿಲ್ಲದ ಕಡೆ ಅಷ್ಟೇ ಉದ್ದದ ಫಿಲ್ಮ್ ಅಂಟಿಸಬೇಕು. ಇಲ್ಲದಿದ್ದರೆ ಮುಂದಿನ ಮಾತು ಚಿತ್ರಕ್ಕೆ ಕೂಡುವುದಿಲ್ಲ. ಆ ತುಂಡಿನಲ್ಲಿ ಏನಿದೆಯೆಂದು ಯಾರೂ ನೋಡುವುದಿಲ್ಲ. ಅದಕ್ಕೆ ರದ್ದಿ ಫಿಲ್ಮೇ ಸಾಕು ಎಂಬ ಉಪಾಯವೂ ಮಾವನದೇ.

"ಯಾರ ಸಿನಿಮಾಕ್ಕೆ ಅಂಟಿಸ್ದೆ?"

ಅಳಿಯ ಗೋಡೆ ನೋಡಿದ. ಅಲ್ಲಿ ಶಿಷ್ಯನ ಫೋಟೋ, ಕೆಳಗೆ ಕಟ್ಟು ಹಾಕಿಸಿದ ಪತ್ರಿಕೆಯ ತುಂಡು: 'ಈ ಚಿತ್ರದ ಮೌನ ಎದೆ ನಡುಗಿಸುತ್ತದೆ.'

"ಅದ್ರಲ್ಲಿ ಸದ್ದಿಲ್ದೆ ಇರೋ ಕಡೆಯೆಲ್ಲಾ ನಿಮ್ಮ ಸಿನಿಮಾನೇ, ಮಾವ."

ಅಳಿಯ ಕಪಾಟಿನಿಂದ ಶಿಷ್ಯನ ಸಿನಿಮಾದ ಧ್ವನಿಯ ರೋಲು ಇಳಿಸಿ, ಬಿಚ್ಚಿ, ಬಲ್ಬಿಗೆ ಹಿಡಿದ. ಧ್ವನಿಯ ಎರಡು ಕಂದು ಪಟ್ಟಿಗಳ ನಡುವೆ ಹೆಂಡತಿ ಇದ್ದಳು. ಏನೋ ಹೇಳಲು ಬಾಯಿ ತೆರೆದಿದ್ದಳು. ಅಷ್ಟಕ್ಕೇ ಕತ್ತರಿ ಬಿದ್ದಿತ್ತು.

ಮುದುಕ ಮೇಜಿನ ಮೇಲಿದ್ದ ಕತ್ತರಿ ಎತ್ತಿಕೊಂಡ. ಅಳಿಯ ಅವನ ಮಣಿಕಟ್ಟು ಹಿಡಿದುಕೊಂಡ. ಶಿಷ್ಯನ ಈ ರೋಲುಗಳು ಈಗ ದೇಶದ ಸ್ವತ್ತು, ಅದೇ ಕಚೇರಿಯವರು ಅಡಿ ಅಳೆದು ಬರೆದುಕೊಂಡು ಹೋಗಿದ್ದಾರೆ, ನಾಳೆ ಗಾಡಿ ಬರುತ್ತದೆ, ಒಂದಡಿ ಕಮ್ಮಿಯಾದರೂ ತನಗೆ ಜೈಲು ಎಂದು ಗೋಗರೆದ.

ಮುದುಕ ಬಲ್ಬಿನ ಬೆಳಕಿನಲ್ಲಿ ಹೆಂಡತಿಯ ಮುಖವನ್ನು ಇನ್ನೊಮ್ಮೆ ನೋಡಿದ. ಕತ್ತರಿ ಕೆಳಗಿಟ್ಟ. ಅಳಿಯ ಜೀವ ಬಂದವನಂತೆ ರೋಲನ್ನು ಗಡಿಬಿಡಿಯಲ್ಲಿ ಸುತ್ತತೊಡಗಿದ. ಬಾಗಿಲವರೆಗೆ ಹೋಗಿದ್ದ ಮುದುಕ ನಿಂತ.

"ಅಷ್ಟು ಬಿಗಿಯಾಗಿ ಎಳೀಬೇಡ್ವೋ. ನಿಮ್ಮತ್ತೆ ಮುಖಕ್ಕೆ ಗೀರು ಬೀಳುತ್ತೆ."